ಚೆಂಡು ತಾಗಿದ್ದನ್ನು ತಾನೇ ಹೇಳಿದವನು: ಗಾಟ್‌ಫ್ರೀಡ್ ಫಾನ್ ಕ್ರಾಮ್

ಜರ್ಮನಿಯ ಟೆನಿಸ್ ಅಂದ ಕೂಡಲೇ ನಮ್ಮಲ್ಲಿ ಹೆಚ್ಚಿನವರಿಗೆ ನೆನಪಾಗೋದು ಎರಡು ಹೆಸರು: ಬೋರಿಸ್ ಬೆಕರ್ ಮತ್ತು ಸ್ಟೆಫಿ ಗ್ರಾಫ್. ಇತ್ತೀಚಿನ ಆಟ ನೋಡುವವರು ಜ್ವೆರೆವ್ ಹೆಸರನ್ನೂ ಸೇರಿಸಬಹುದು. ಬೆಕರ್ 1985ರಲ್ಲಿ ವಿಂಬಲ್ಡನ್ ಗೆದ್ದಾಗ ಇಡೀ ಜಗತ್ತು ಆ ಹದಿನೇಳರ ಹುಡುಗನ ಕಡೆ ತಿರುಗಿ ನೋಡಿತ್ತು. ಅದಕ್ಕೆ ಸರಿಯಾಗಿ ಐವತ್ತು ವರ್ಷ ಮೊದಲು, 1935ರಲ್ಲಿ, ಅದೇ ಸೆಂಟರ್ ಕೋರ್ಟಿನಲ್ಲಿ ಇನ್ನೊಬ್ಬ ಜರ್ಮನ್ ಆಟಗಾರ ಫೈನಲ್ ಆಡಿ ಸೋತಿದ್ದ. 1936ರಲ್ಲಿ ಮತ್ತೆ ಫೈನಲ್, ಮತ್ತೆ ಸೋಲು. 1937ರಲ್ಲಿ ಮತ್ತೊಮ್ಮೆ ಫೈನಲ್, ಮತ್ತೊಮ್ಮೆ ಸೋಲು. 1938ರಲ್ಲಿ ಆತ ವಿಂಬಲ್ಡನ್‌ಗೆ ಬರಲೇ ಇಲ್ಲ. ಯಾಕಂದ್ರೆ ಆಗ ಆತ ಜೈಲಿನಲ್ಲಿದ್ದ.

ಆತನ ಹೆಸರು ಗಾಟ್‌ಫ್ರೀಡ್ ಫಾನ್ ಕ್ರಾಮ್. ಆತನ ಆಟದ ಬದುಕನ್ನು ಅರ್ಥ ಮಾಡಿಕೊಳ್ಳಬೇಕಾದರೆ ಅಂಕಪಟ್ಟಿ ನೋಡಿದರೆ ಸಾಲದು. ಆ ಕಾಲದ ಟೆನಿಸ್ ಹೇಗೆ ನಡೀತಿತ್ತು, ಆಟಗಾರನ ಮೇಲೆ ಯಾರ ಹಿಡಿತ ಇತ್ತು ಅನ್ನೋದನ್ನೂ ನೋಡಬೇಕು. ಹಾಗಾಗಿ ಮೊದಲು ಅಲ್ಲಿಂದಲೇ ಶುರು ಮಾಡೋಣ.

ಅಮೆಚೂರ್ ಅಂದ್ರೆ ಏನು?

ಅಮೆಚೂರ್ ಅಂದ್ರೆ ಹವ್ಯಾಸಿ. ನಾವು ಹವ್ಯಾಸಿ ರಂಗಭೂಮಿ, ಹವ್ಯಾಸಿ ಯಕ್ಷಗಾನ ತಂಡ ಅಂತೀವಲ್ಲ, ಅದೇ ಅರ್ಥ. ಆದರೆ ಟೆನಿಸ್‌ನಲ್ಲಿ ಲೆಕ್ಕ ಉಲ್ಟಾ ಇತ್ತು. 1968ರವರೆಗೆ ವಿಂಬಲ್ಡನ್, ಫ್ರೆಂಚ್, ಅಮೆರಿಕನ್, ಆಸ್ಟ್ರೇಲಿಯನ್ ಈ ನಾಲ್ಕೂ ದೊಡ್ಡ ಟೂರ್ನಿಗಳಲ್ಲಿ ಹವ್ಯಾಸಿಗಳಿಗೆ ಮಾತ್ರ ಪ್ರವೇಶ. ಆಟದಿಂದ ಹಣ ಮಾಡುವ ವೃತ್ತಿಪರರಿಗೆ ಬಾಗಿಲು ಬಂದ್. ಗೆದ್ದವನಿಗೆ ಕಪ್ಪು, ಚಪ್ಪಾಳೆ ಅಷ್ಟೇ. ಬಹುಮಾನದ ಹಣ ಇಲ್ಲವೇ ಇಲ್ಲ. ವೃತ್ತಿಪರರಿಗೂ ಬಾಗಿಲು ತೆರೆದ ಮೊದಲ ವಿಂಬಲ್ಡನ್ 1968ರದ್ದು. ಆ ವರ್ಷ ಗೆದ್ದ ರಾಡ್ ಲೇವರ್‌ಗೆ ಸಿಕ್ಕಿದ್ದು 2000 ಪೌಂಡ್.

ಈ ನಿಯಮ ಎಷ್ಟು ಬಿಗಿಯಾಗಿತ್ತು ಅನ್ನೋದಕ್ಕೆ ಜರ್ಮನಿಯದ್ದೇ ಉದಾಹರಣೆ ಇದೆ. ಕ್ರಾಮ್‌ನ ವಯಸ್ಸಿನವನೇ ಆದ ಹಾನ್ಸ್ ನ್ಯೂಸ್‌ಲೈನ್ ಎಂಬ ಆಟಗಾರ ಚಿಕ್ಕಂದಿನಲ್ಲಿ ಟೆನಿಸ್ ಹೇಳಿಕೊಟ್ಟು ದುಡ್ಡು ತಗೊಂಡಿದ್ದ ಅನ್ನೋ ಕಾರಣಕ್ಕೆ ಹವ್ಯಾಸಿ ಟೆನಿಸ್‌ನಿಂದ ಹೊರಬಿದ್ದ. ಆಮೇಲೆ ವೃತ್ತಿಪರರ ಸಾಲಿನಲ್ಲಿ ಜಗತ್ತಿನ ಅತ್ಯುತ್ತಮರಲ್ಲಿ ಒಬ್ಬನಾದ. ಆದರೆ ವಿಂಬಲ್ಡನ್‌ನಲ್ಲಾಗಲಿ, ದೇಶದ ಪರವಾಗಿ ಡೇವಿಸ್ ಕಪ್‌ನಲ್ಲಾಗಲಿ ಒಂದು ಪಂದ್ಯವನ್ನೂ ಆಡಲು ಆಗಲಿಲ್ಲ.

ಇಲ್ಲಿ ಗಮನಿಸಬೇಕಾದ ಇನ್ನೊಂದು ವಿಷಯ ಇದೆ. ಈಗ ಆಟಗಾರನಿಗೆ ಕಂಪ್ಯೂಟರ್ ರ‍್ಯಾಂಕಿಂಗ್ ಇದೆ. ಪಾಯಿಂಟ್ ಇದ್ದರೆ ಟೂರ್ನಿಗೆ ಪ್ರವೇಶ ಸಿಗುತ್ತೆ. ಆಗ ಹಾಗಿರಲಿಲ್ಲ. ಯಾವ ದೇಶಕ್ಕೆ ಹೋಗಿ ಆಡಬೇಕು, ಯಾವ ಟೂರ್ನಿಗೆ ಹೆಸರು ಕಳಿಸಬೇಕು, ಪ್ರಯಾಣದ ಖರ್ಚು ಯಾರು ಕೊಡಬೇಕು ಎಂಬುದೆಲ್ಲ ದೇಶದ ಟೆನಿಸ್ ಸಂಘದ ಕೈಯಲ್ಲಿತ್ತು. ಆಟಗಾರ ಎಷ್ಟೇ ದೊಡ್ಡವನಾದರೂ ಸಂಘದ ಅನುಮತಿ ಇಲ್ಲದೆ ಹೆಜ್ಜೆ ಇಡುವಂತಿರಲಿಲ್ಲ. ಸಂಘ ಸರಿಯಾಗಿದ್ದರೆ ಪರವಾಗಿಲ್ಲ. ಆದರೆ 1933ರ ನಂತರ ಜರ್ಮನಿಯಲ್ಲಿ ಸಂಘವೂ ಸರ್ಕಾರವೂ ಬೇರೆಬೇರೆಯಾಗಿ ಉಳಿಯಲಿಲ್ಲ. ಕ್ರಾಮ್ ಕಥೆಯ ತಿರುಳು ಇರೋದು ಇಲ್ಲೇ.

ಕುದುರೆ ಕಚ್ಚಿದ ಬೆರಳು

ಕ್ರಾಮ್ ಹುಟ್ಟಿದ್ದು 1909ರ ಜುಲೈ 7ರಂದು, ಉತ್ತರ ಜರ್ಮನಿಯ ಹಿಲ್ಡೆಸ್‌ಹೈಮ್ ಹತ್ತಿರದ ನೆಟ್ಲಿಂಗೆನ್‌ನಲ್ಲಿ. ಹಳೇ ಜಮೀನ್ದಾರಿ ಮನೆತನ, ಬ್ಯಾರನ್ ಪದವಿ, ಏಳು ಜನ ಅಣ್ಣತಮ್ಮಂದಿರಲ್ಲಿ ಮೂರನೆಯವನು. ಮನೆಯ ಎಸ್ಟೇಟಿನಲ್ಲೇ ಟೆನಿಸ್ ಅಂಕಣ ಇತ್ತು. ಹುಡುಗನಾಗಿದ್ದಾಗ ಕುದುರೆಗೆ ಸಕ್ಕರೆ ತಿನ್ನಿಸಲು ಹೋಗಿ ಬಲಗೈ ತೋರುಬೆರಳಿನ ತುದಿ ಕಚ್ಚಿಸಿಕೊಂಡು ಕಳೆದುಕೊಂಡ. ರಾಕೆಟ್ ಹಿಡಿಯುವುದು ಅದೇ ಕೈಯಲ್ಲಿ. ಅವತ್ತಿನ ರಾಕೆಟ್ ಈಗಿನ ಹಾಗೆ ಹಗುರವಾದ ಗ್ರಾಫೈಟ್‌ನದ್ದಲ್ಲ, ಭಾರದ ಮರದ್ದು. ಆದರೂ ಆ ಅರೆಬೆರಳಿನಲ್ಲೇ ಹಿಡಿತ ಹೊಂದಿಸಿಕೊಂಡ.

1928ರಲ್ಲಿ ಕಾನೂನು ಓದಲು ಬರ್ಲಿನ್‌ಗೆ ಹೋದ. ಓದಿಗಿಂತ ಹೆಚ್ಚು ಹೊತ್ತು ಕಳೆದದ್ದು ರೋಟ್-ವೈಸ್ ಟೆನಿಸ್ ಕ್ಲಬ್ಬಿನಲ್ಲಿ. ರೋಟ್-ವೈಸ್ ಅಂದ್ರೆ ಕೆಂಪು-ಬಿಳಿ ಅಂತ. ಬರ್ಲಿನ್ನಿನ ದೊಡ್ಡ ಮನುಷ್ಯರೆಲ್ಲ ಸೇರುತ್ತಿದ್ದ ಜಾಗ ಅದು. 1932ರಲ್ಲಿ ಜರ್ಮನ್ ಚಾಂಪಿಯನ್ ಆದ, ಅದೇ ವರ್ಷ ಡೇವಿಸ್ ಕಪ್ ತಂಡಕ್ಕೂ ಬಂದ. 1933ರಲ್ಲಿ ಹಿಲ್ಡಾ ಕ್ರಾಹ್ವಿಂಕೆಲ್ ಜೊತೆ ವಿಂಬಲ್ಡನ್ ಮಿಶ್ರ ಡಬಲ್ಸ್ ಗೆದ್ದ.

ಆತನ ಆಟದ ಬಗ್ಗೆ ಹೇಳುವಾಗ ಎಲ್ಲರೂ ಎತ್ತುವ ವಿಷಯ ಎರಡನೇ ಸರ್ವ್. ಮೊದಲ ಸರ್ವ್ ತಪ್ಪಿದರೆ ಹೆಚ್ಚಿನವರು ಎರಡನೆಯದನ್ನು ಮೆಲ್ಲಗೆ ಹಾಕುತ್ತಾರೆ, ಯಾಕಂದ್ರೆ ಅದೂ ತಪ್ಪಿದರೆ ಪಾಯಿಂಟ್ ಹೋಯ್ತು. ಕ್ರಾಮ್ ಹಾಗಲ್ಲ. ಚೆಂಡಿಗೆ ಕೆಳಗಿನಿಂದ ಮೇಲಕ್ಕೆ ಜೋರಾಗಿ ಉಜ್ಜಿದ ಹಾಗೆ ಹೊಡೆದು ಮುಂದಕ್ಕೂ ಪಕ್ಕಕ್ಕೂ ತಿರುಗುವಂತೆ ಮಾಡುತ್ತಿದ್ದ. ಫ್ಲೂಯಿಡ್ ಮೆಕ್ಯಾನಿಕ್ಸ್ ಓದಿದವರಿಗೆ ಮ್ಯಾಗ್ನಸ್ ಎಫೆಕ್ಟ್ ನೆನಪಿರಬೇಕು. ಹೀಗೆ ತಿರುಗುವ ಚೆಂಡು ಗಾಳಿಯಲ್ಲಿ ಬೇಗ ಕೆಳಕ್ಕೆ ಬಾಗುತ್ತೆ. ಹಾಗಾಗಿ ನೆಟ್‌ನ ಮೇಲೆ ಸಾಕಷ್ಟು ಎತ್ತರದಲ್ಲಿ ದಾಟಿಸಿದರೂ ಬಾಕ್ಸ್ ಒಳಗೇ ಬೀಳುತ್ತೆ. ನೆಲಕ್ಕೆ ತಾಗಿದ ಮೇಲೆ ಎದುರಾಳಿಯ ಭುಜದ ಎತ್ತರಕ್ಕೆ ಚಿಮ್ಮುತ್ತೆ. ಸುರಕ್ಷಿತವೂ ಹೌದು, ಅಪಾಯಕಾರಿಯೂ ಹೌದು. ಯುರೋಪಿನ ಮಣ್ಣಿನಂಕಣದಲ್ಲಿ ಚೆಂಡು ಮೊದಲೇ ಎತ್ತರಕ್ಕೆ ಪುಟಿಯುವುದರಿಂದ ಈ ಸರ್ವ್ ಎದುರಿಸುವುದು ಇನ್ನೂ ಕಷ್ಟ.

ಅದಕ್ಕೇ ಆತನ ಎರಡು ದೊಡ್ಡ ಸಿಂಗಲ್ಸ್ ಪ್ರಶಸ್ತಿಗಳೂ ಪ್ಯಾರಿಸ್ಸಿನ ಮಣ್ಣಿನ ಮೇಲೇ ಬಂದವು. 1934ರ ಫ್ರೆಂಚ್ ಫೈನಲ್‌ನಲ್ಲಿ ಆಸ್ಟ್ರೇಲಿಯಾದ ಜಾಕ್ ಕ್ರಾಫರ್ಡ್ ಎದುರು ಒಂದು ಮ್ಯಾಚ್ ಪಾಯಿಂಟ್ ಉಳಿಸಿಕೊಂಡು ಐದು ಸೆಟ್‌ಗಳಲ್ಲಿ ಗೆದ್ದ. 1936ರಲ್ಲಿ ಇಂಗ್ಲೆಂಡಿನ ಫ್ರೆಡ್ ಪೆರ್ರಿಯನ್ನು 6-0, 2-6, 6-2, 2-6, 6-0 ಅಂತ ಸೋಲಿಸಿದ. ಪೆರ್ರಿ ಆಗ ಜಗತ್ತಿನ ನಂಬರ್ ಒನ್. ಅಂಥವನಿಗೆ ಕೊನೇ ಸೆಟ್‌ನಲ್ಲಿ ಒಂದು ಗೇಮೂ ಸಿಗಲಿಲ್ಲ.

ಆದರೆ ಅದೇ ವರ್ಷದ ವಿಂಬಲ್ಡನ್ ಫೈನಲ್‌ನಲ್ಲಿ ಪೆರ್ರಿ 6-1, 6-1, 6-0 ಅಂತ ಸೇಡು ತೀರಿಸಿಕೊಂಡ. ಪಂದ್ಯದ ಶುರುವಿನಲ್ಲೇ ಕ್ರಾಮ್‌ನ ಕಾಲಿನ ಸ್ನಾಯು ಸೆಳೆದುಕೊಂಡಿತ್ತು. ಆತ ಆಟ ನಿಲ್ಲಿಸಲಿಲ್ಲ. ಮುಗಿದ ಮೇಲೆ ಅಂಪೈರ್ ಮೂಲಕ ವಿಷಯ ತಿಳಿಸಿ, ಚೆನ್ನಾಗಿ ಆಡಲಾಗಲಿಲ್ಲ ಅಂತ ಪ್ರೇಕ್ಷಕರಲ್ಲಿ ವಿಷಾದ ಹೇಳಿಸಿದ.

ಯಾರೂ ನೋಡದ ಒಂದು ತಾಗುವಿಕೆ

1935ರ ಡೇವಿಸ್ ಕಪ್. ಜರ್ಮನಿ ಮತ್ತು ಅಮೆರಿಕ ನಡುವಿನ ಅಂತರ-ವಲಯ ಫೈನಲ್, ಸ್ಥಳ ವಿಂಬಲ್ಡನ್. ಡಬಲ್ಸ್‌ನಲ್ಲಿ ಕ್ರಾಮ್ ಜೊತೆ ಕಾಯ್ ಲುಂಡ್, ಎದುರಿಗೆ ವಿಲ್ಮರ್ ಆಲಿಸನ್ ಮತ್ತು ಜಾನ್ ವಾನ್ ರಿನ್. ಐದನೇ ಸೆಟ್, ಜರ್ಮನಿಗೆ ಮ್ಯಾಚ್ ಪಾಯಿಂಟ್. ಕ್ರಾಮ್ ಚೆಂಡಿಗೆ ಕೈ ಚಾಚಿದ, ಸಿಗಲಿಲ್ಲ ಅನ್ನಿಸಿತು. ಹಿಂದೆ ಇದ್ದ ಲುಂಡ್ ಅದನ್ನು ಹೊಡೆದು ಪಾಯಿಂಟ್ ಗಿಟ್ಟಿಸಿದ. ಗೆದ್ದೇ ಬಿಟ್ಟೆವು ಅನ್ನೋ ಹೊತ್ತಿಗೆ ಕ್ರಾಮ್ ಅಂಪೈರ್ ಹತ್ತಿರ ಹೋಗಿ, ಚೆಂಡು ತನ್ನ ರಾಕೆಟ್‌ಗೆ ಸವರಿಕೊಂಡು ಹೋಗಿತ್ತು ಅಂತ ಹೇಳಿದ. ನಿಯಮದ ಪ್ರಕಾರ ಜೋಡಿಯಲ್ಲಿ ಒಬ್ಬರಿಗೆ ತಾಗಿದ ಚೆಂಡನ್ನು ಇನ್ನೊಬ್ಬರು ಹೊಡೆಯುವಂತಿಲ್ಲ. ಪಾಯಿಂಟ್ ಅಮೆರಿಕಕ್ಕೆ ಹೋಯ್ತು, ಕೊನೆಗೆ ಪಂದ್ಯವೂ ಹೋಯ್ತು.

ಆ ತಾಗುವಿಕೆಯನ್ನು ಅಂಪೈರ್ ಗಮನಿಸಿರಲಿಲ್ಲ. ಆಗ ಹಾಕ್-ಐ ಇಲ್ಲ, ರಿಪ್ಲೇ ಇಲ್ಲ. ಜರ್ಮನ್ ಅಧಿಕಾರಿಗಳಿಗೆ ಸಹಜವಾಗಿಯೇ ಸಿಟ್ಟು ಬಂತು. ದೇಶದ ಗೆಲುವನ್ನೇ ಕೈಬಿಟ್ಟೆಯಲ್ಲ ಅನ್ನೋದು ಅವರ ಮಾತು. ಆತನ ಪ್ರಕಾರ ಆಟದ ನಿಯಮವನ್ನು ಪಾಲಿಸುವುದೇ ದೇಶಕ್ಕೆ ಕೊಡುವ ಮರ್ಯಾದೆ. ಈ ಎರಡು ಯೋಚನೆಗಳ ನಡುವಿನ ಬಿರುಕು ಆಮೇಲೆ ದೊಡ್ಡದಾಗುತ್ತಾ ಹೋಯಿತು.

ತಂಡದಿಂದ ಕಾಣೆಯಾದವನು

ಆ ಬಿರುಕು 1933ರಲ್ಲೇ ಶುರುವಾಗಿತ್ತು. ಆಗ ಜರ್ಮನಿಯ ಮೊದಲ ದರ್ಜೆಯ ಆಟಗಾರ ಡೇನಿಯಲ್ ಪ್ರೆನ್. ನಮ್ಮ ಹಾಗೇ ಎಂಜಿನಿಯರಿಂಗ್ ಓದಿದವನು. 1932ರಲ್ಲಿ ಬರ್ಲಿನ್‌ನಲ್ಲಿ ಬ್ರಿಟನ್ ವಿರುದ್ಧದ ಡೇವಿಸ್ ಕಪ್ ನಿರ್ಣಾಯಕ ಪಂದ್ಯದಲ್ಲಿ, ಐದನೇ ಸೆಟ್‌ನಲ್ಲಿ 2-5 ಹಿಂದಿದ್ದರೂ ಫ್ರೆಡ್ ಪೆರ್ರಿಯನ್ನು ಸೋಲಿಸಿ ದೇಶಕ್ಕೆ 3-2ರ ಗೆಲುವು ತಂದವನು. ಮರುವರ್ಷ ಹಿಟ್ಲರ್ ಅಧಿಕಾರಕ್ಕೆ ಬಂದ. ಏಪ್ರಿಲ್‌ನಲ್ಲಿ ಜರ್ಮನ್ ಟೆನಿಸ್ ಸಂಘ ಯಹೂದಿಗಳನ್ನು ಡೇವಿಸ್ ಕಪ್ ತಂಡಕ್ಕೆ ತೆಗೆದುಕೊಳ್ಳುವುದಿಲ್ಲ ಅಂತ ನಿರ್ಧರಿಸಿತು. ಪ್ರೆನ್ ಯಹೂದಿ. ಅಲ್ಲಿಗೆ ಮುಗೀತು. ಆತ ಇಂಗ್ಲೆಂಡಿಗೆ ಹೋಗಿ ನೆಲೆಸಿದ. ಇದನ್ನು ಖಂಡಿಸಿ ಲಂಡನ್ನಿನ ದಿ ಟೈಮ್ಸ್ ಪತ್ರಿಕೆಗೆ ಪತ್ರ ಬರೆದವರಲ್ಲಿ ಒಬ್ಬ, ಸ್ವತಃ ಪ್ರೆನ್ ಕೈಯಲ್ಲಿ ಸೋತಿದ್ದ ಪೆರ್ರಿ. ಇನ್ನೊಬ್ಬ ಬನ್ನಿ ಆಸ್ಟಿನ್.

ಕ್ರಾಮ್ ಯಹೂದಿ ಅಲ್ಲ. ಎತ್ತರದ ಮೈಕಟ್ಟು, ಹೊಂಬಣ್ಣದ ಕೂದಲು, ಹಳೇ ಮನೆತನ. ನಾಝಿಗಳಿಗೆ ಪೋಸ್ಟರ್ ಮೇಲೆ ಹಾಕಿಕೊಳ್ಳಲು ಇದಕ್ಕಿಂತ ಒಳ್ಳೇ ಮುಖ ಬೇಕಿರಲಿಲ್ಲ. ಆದರೆ ಆತ ಪಕ್ಷಕ್ಕೆ ಸೇರಲಿಲ್ಲ. ಹೊರದೇಶಗಳಿಗೆ ಹೋದಾಗ ಆಡಳಿತವನ್ನು ಹೊಗಳುವ ಕೆಲಸಕ್ಕೂ ಇಳಿಯಲಿಲ್ಲ. ಗೆಲ್ಲುತ್ತಿರುವವರೆಗೆ ಇದೆಲ್ಲ ನಡೆಯುತ್ತಿತ್ತು. 1936ರ ಬರ್ಲಿನ್ ಒಲಿಂಪಿಕ್ಸ್‌ನಲ್ಲಿ ಟೆನಿಸ್ ಇರಲಿಲ್ಲ. ಹಾಗಾಗಿ ಟೆನಿಸ್‌ನಲ್ಲಿ ದೇಶದ ಪ್ರತಿಷ್ಠೆ ಅಂದ್ರೆ ಡೇವಿಸ್ ಕಪ್, ಡೇವಿಸ್ ಕಪ್ ಅಂದ್ರೆ ಕ್ರಾಮ್.

1937ರ ಜುಲೈ 20

ಪೆರ್ರಿ 1936ರ ಕೊನೆಗೆ ವೃತ್ತಿಪರನಾಗಿ ಹವ್ಯಾಸಿ ಟೆನಿಸ್ ಬಿಟ್ಟ. ಅವನಿಲ್ಲದ ಬ್ರಿಟನ್ ತಂಡಕ್ಕೆ ಡೇವಿಸ್ ಕಪ್ ಉಳಿಸಿಕೊಳ್ಳುವ ಶಕ್ತಿ ಇರಲಿಲ್ಲ. ಅಂದ್ರೆ 1937ರಲ್ಲಿ ಜರ್ಮನಿ-ಅಮೆರಿಕ ಪಂದ್ಯ ಗೆದ್ದವರಿಗೇ ಕಪ್ ಅನ್ನೋದು ಹೆಚ್ಚುಕಮ್ಮಿ ಎಲ್ಲರಿಗೂ ಗೊತ್ತಿತ್ತು. ಜರ್ಮನಿ ಅಲ್ಲಿವರೆಗೆ ಆ ಕಪ್ ಗೆದ್ದೇ ಇರಲಿಲ್ಲ.

ನಾಲ್ಕು ಪಂದ್ಯ ಮುಗಿದಾಗ 2-2. ಐದನೆಯದು ಕ್ರಾಮ್ ಮತ್ತು ಡಾನ್ ಬಜ್ ನಡುವೆ, ವಿಂಬಲ್ಡನ್ ಸೆಂಟರ್ ಕೋರ್ಟಿನಲ್ಲಿ. ಕೆಲವೇ ದಿನಗಳ ಹಿಂದೆ ಇದೇ ಅಂಗಳದಲ್ಲಿ ಬಜ್ ವಿಂಬಲ್ಡನ್ ಫೈನಲ್‌ನಲ್ಲಿ ಕ್ರಾಮ್‌ನನ್ನು ನೇರ ಸೆಟ್‌ಗಳಲ್ಲಿ ಸೋಲಿಸಿದ್ದ. ಇನ್ನೊಂದು ವಿಚಿತ್ರ ಏನಂದ್ರೆ, ಜರ್ಮನ್ ತಂಡಕ್ಕೆ ತರಬೇತಿ ಕೊಡುತ್ತಿದ್ದವನು ಅಮೆರಿಕದ ಮಹಾನ್ ಆಟಗಾರ ಬಿಲ್ ಟಿಲ್ಡನ್.

ಕ್ರಾಮ್ ಮೊದಲ ಎರಡು ಸೆಟ್ 8-6, 7-5ರಿಂದ ಗೆದ್ದ. ಬಜ್ ಮುಂದಿನ ಎರಡನ್ನು 6-4, 6-2ರಿಂದ ತೆಗೆದುಕೊಂಡ. ಐದನೇ ಸೆಟ್‌ನಲ್ಲಿ ಕ್ರಾಮ್ 4-1 ಮುಂದೆ. ಇನ್ನೆರಡು ಗೇಮ್ ಬಂದರೆ ಸಾಕು. ಆಗ ಬಜ್ ಒಂದು ಸಾಹಸ ಮಾಡಿದ. ಕ್ರಾಮ್‌ನ ಸರ್ವ್ ಅನ್ನು ಮುಂದೆ ಬಂದು ಬೇಗನೇ ಹೊಡೆದು ನೆಟ್‌ಗೆ ನುಗ್ಗತೊಡಗಿದ. ಚೆಂಡು ಭುಜಕ್ಕೆ ಚಿಮ್ಮುವ ಮೊದಲೇ ಅದನ್ನು ಹೊಡೆದುಬಿಟ್ಟರೆ ಆ ತಿರುಗುವಿಕೆಯ ಅಪಾಯ ಕಡಿಮೆಯಾಗುತ್ತಲ್ಲ, ಅದೇ ಲೆಕ್ಕ. ಸ್ಕೋರ್ 4-4 ಆಯ್ತು, 5-5 ಆಯ್ತು, 6-6 ಆಯ್ತು. ಆಗ ಟೈಬ್ರೇಕರ್ ಇರಲಿಲ್ಲ, ಎರಡು ಗೇಮ್ ಅಂತರ ಬರುವವರೆಗೂ ಆಡಬೇಕು. ಬಜ್‌ಗೆ 7-6 ಮುನ್ನಡೆ. ಒಂದಾದ ಮೇಲೊಂದು ಮ್ಯಾಚ್ ಪಾಯಿಂಟ್ ಬಂದವು, ಕ್ರಾಮ್ ಉಳಿಸಿಕೊಳ್ಳುತ್ತಾ ಹೋದ. ಕೊನೆಗೆ ಬಜ್ ಓಡುತ್ತಾ ಕೈಗೆಟುಕದ ಚೆಂಡಿಗೆ ರಾಕೆಟ್ ಬೀಸಿ ನೆಲಕ್ಕೆ ಬಿದ್ದ. ಚೆಂಡು ಕ್ರಾಮ್‌ನನ್ನು ದಾಟಿ ಗೆರೆಯೊಳಗೆ ಬಿತ್ತು. 8-6.

ಕ್ರಾಮ್ ನೆಟ್ ಹತ್ತಿರ ಬಂದು, ತಾನು ಆಡಿದ್ದರಲ್ಲೇ ಅತ್ಯುತ್ತಮ ಪಂದ್ಯ ಇದು ಅಂತ ಎದುರಾಳಿಯನ್ನು ಅಭಿನಂದಿಸಿದ. ಅಂಥ ಸೋಲಿನ ನಂತರದ ಮೊದಲ ಮಾತು ಅದು. ಅಮೆರಿಕ ಮುಂದೆ ಬ್ರಿಟನ್‌ನ್ನು 4-1ರಿಂದ ಸೋಲಿಸಿ ಕಪ್ ತಗೊಂಡು ಹೋಯ್ತು. ಪಂದ್ಯಕ್ಕೆ ಮುಂಚೆ ಹಿಟ್ಲರ್ ಸ್ವತಃ ಕ್ರಾಮ್‌ಗೆ ಫೋನ್ ಮಾಡಿದ್ದ ಅನ್ನೋ ಕಥೆಯನ್ನು ಬಜ್ ಮುಂದೆ ಹಲವು ಸಲ ಹೇಳಿದ್ದಾನೆ. ಅದು ನಡೆದೇ ಇಲ್ಲ ಅಂದವರೂ ಇದ್ದಾರೆ. ಫೋನ್ ಬಂದಿರಲಿ ಬಿಡಲಿ, ಸೋತರೆ ರಕ್ಷಣೆ ಇಲ್ಲ ಅನ್ನೋ ಸ್ಥಿತಿಯಂತೂ ನಿಜ.

ಬಂಧನ

ಆ ವರ್ಷದ ಕೊನೆಗೆ ಕ್ರಾಮ್ ವಿಶ್ವ ಪ್ರವಾಸ ಹೊರಟ. 1938ರ ಆರಂಭದಲ್ಲಿ ಆಸ್ಟ್ರೇಲಿಯನ್ ಟೂರ್ನಿಯಲ್ಲಿ ಸೆಮಿಫೈನಲ್ ತಲುಪಿದ. ಮನೆಗೆ ಮರಳಿದ ಮೇಲೆ, ಮಾರ್ಚ್ 5ರಂದು, ಪೊಲೀಸರು ಬಂಧಿಸಿದರು.

ಆರೋಪ ಜರ್ಮನ್ ದಂಡಸಂಹಿತೆಯ 175ನೇ ಕಲಂ ಅಡಿಯಲ್ಲಿ. ಗಂಡಸರ ನಡುವಿನ ಸಲಿಂಗ ಸಂಬಂಧವನ್ನು ಅಪರಾಧ ಅನ್ನುವ ಈ ಕಲಂ 1871ರಿಂದಲೂ ಇತ್ತು. ನಾಝಿಗಳು 1935ರಲ್ಲಿ ಅದನ್ನು ಇನ್ನಷ್ಟು ಕಠಿಣ ಮಾಡಿದ್ದರು. ಕ್ರಾಮ್‌ಗೆ ಮಾನಾಸೆ ಹೆರ್ಬ್ಸ್ಟ್ ಎಂಬ ಯಹೂದಿ ನಟನ ಜೊತೆ ಸಂಬಂಧ ಇತ್ತು ಅನ್ನೋದು ಆರೋಪ. ಹೆರ್ಬ್ಸ್ಟ್ ಆ ಹೊತ್ತಿಗಾಗಲೇ ದೇಶ ಬಿಟ್ಟು ಪ್ಯಾಲೆಸ್ಟೀನ್ ಕಡೆ ಹೋಗಿದ್ದ. ಅವನಿಗೆ ಹೊರದೇಶಕ್ಕೆ ಹಣ ಕಳಿಸಿದ್ದೂ ಕ್ರಾಮ್ ಮೇಲಿನ ದೂರಿನಲ್ಲಿ ಸೇರಿತ್ತು. ನಾವು ಹೀಗೂ ಓದಬಹುದು: ಜೀವ ಉಳಿಸಿಕೊಳ್ಳಲು ಓಡುತ್ತಿದ್ದ ಒಬ್ಬ ಮನುಷ್ಯನಿಗೆ ಮಾಡಿದ ಸಹಾಯವೂ ಅಲ್ಲಿ ಅಪರಾಧದ ಪಟ್ಟಿಗೆ ಸೇರಿತು. ಮೇ ತಿಂಗಳಲ್ಲಿ ಒಂದು ವರ್ಷದ ಜೈಲು ಶಿಕ್ಷೆಯಾಯಿತು. ಅಕ್ಟೋಬರ್‌ನಲ್ಲಿ ಅವಧಿಗೆ ಮುನ್ನ ಹೊರಗೆ ಬಂದ.

ಆತ ಒಳಗಿದ್ದಾಗ ಹೊರಗೆ ಯಾರು ಮಾತಾಡಿದರು? ಕ್ರಾಮ್ ಸಂಘದ ಶಿಸ್ತಿಗೆ ಕಟ್ಟುಬಿದ್ದು ದೇಶಕ್ಕಾಗಿ ವರ್ಷಗಟ್ಟಲೆ ಆಡಿದ್ದ, ಆದರೆ ಆ ಸಂಘ ಸಹಾಯಕ್ಕೆ ಬರಲಿಲ್ಲ. ಮಾತಾಡಿದವನು ಎದುರಾಳಿ ಡಾನ್ ಬಜ್. ಜೋ ಡಿಮ್ಯಾಜಿಯೊ ಸೇರಿದಂತೆ ಅಮೆರಿಕದ ಹೆಸರಾಂತ ಕ್ರೀಡಾಪಟುಗಳ ಸಹಿ ಹಾಕಿಸಿ, ಕ್ರಾಮ್ ಬಿಡುಗಡೆ ಕೇಳಿ ಹಿಟ್ಲರ್‌ಗೆ ಪತ್ರ ಕಳಿಸಿದ. ಅದೇ 1938ರಲ್ಲಿ ಬಜ್ ನಾಲ್ಕೂ ದೊಡ್ಡ ಟೂರ್ನಿಗಳನ್ನು ಒಂದೇ ವರ್ಷದಲ್ಲಿ ಗೆದ್ದ ಮೊದಲಿಗನಾದ. ಆ ನಾಲ್ಕರಲ್ಲಿ ಮೂರು ನಡೆದಾಗ ಆತನ ಅತಿದೊಡ್ಡ ಎದುರಾಳಿ ಸೆರೆಮನೆಯಲ್ಲಿದ್ದ.

ಲಂಡನ್ನಿನಲ್ಲಿ ಒಂದು ವಾರ, ಎದುರಿಗೆ ಒಬ್ಬ ಭಾರತೀಯ

1939ರಲ್ಲಿ ಕ್ರಾಮ್ ಲಂಡನ್ನಿನ ಕ್ವೀನ್ಸ್ ಕ್ಲಬ್ ಟೂರ್ನಿಗೆ ಬಂದ. ಸೆಮಿಫೈನಲ್‌ನಲ್ಲಿ ಅಮೆರಿಕದ ಬಾಬಿ ರಿಗ್ಸ್ ಎದುರು 6-0, 6-1. ಫೈನಲ್‌ನಲ್ಲಿ ಎದುರಾಳಿ ನಮ್ಮ ದೇಶದ ಗೌಸ್ ಮೊಹಮ್ಮದ್, ಲಕ್ನೋ ಹತ್ತಿರದ ಮಲಿಹಾಬಾದಿನವರು. ಅಲ್ಲಿಯೂ ಕ್ರಾಮ್‌ಗೆ 6-1, 6-3ರ ಗೆಲುವು. ಕೆಲವೇ ದಿನಗಳಲ್ಲಿ ವಿಂಬಲ್ಡನ್ ಶುರುವಾಯ್ತು. ಅಲ್ಲಿ ಗೌಸ್ ಮೊಹಮ್ಮದ್ ಕ್ವಾರ್ಟರ್ ಫೈನಲ್ ತಲುಪಿ, ಸಿಂಗಲ್ಸ್‌ನಲ್ಲಿ ಅಷ್ಟು ದೂರ ಹೋದ ಮೊದಲ ಭಾರತೀಯರಾದರು. ಅವರನ್ನು ಸೋಲಿಸಿದ ಬಾಬಿ ರಿಗ್ಸ್ ಚಾಂಪಿಯನ್ ಆದ. ಆ ಇಬ್ಬರನ್ನೂ ಅಷ್ಟು ಸುಲಭವಾಗಿ ಸೋಲಿಸಿದ್ದ ಕ್ರಾಮ್ ಆ ವಿಂಬಲ್ಡನ್‌ನಲ್ಲಿ ಆಡಲೇ ಇಲ್ಲ. ಸೆಪ್ಟೆಂಬರ್‌ನಲ್ಲಿ ಯುದ್ಧ ಶುರುವಾಯಿತು.

ಯುದ್ಧ ಯಾರನ್ನೂ ಬಿಡಲಿಲ್ಲ. ಕ್ರಾಮ್‌ನನ್ನು 1940ರಲ್ಲಿ ಸೈನ್ಯಕ್ಕೆ ಸೇರಿಸಿ, ಮುಂದೆ ರಷ್ಯಾ ಕಡೆಯ ರಣರಂಗಕ್ಕೆ ಕಳಿಸಿದರು. ಅಲ್ಲಿನ ಹಿಮಕ್ಕೆ ಸಿಕ್ಕಿ ಕಾಲುಗಳಿಗೆ ಪೆಟ್ಟಾಯಿತು. ಆತನ ಡಬಲ್ಸ್ ಜೊತೆಗಾರ, 1937ರ ಫ್ರೆಂಚ್ ಚಾಂಪಿಯನ್ ಹೆನ್ನರ್ ಹೆಂಕೆಲ್ 1943ರ ಜನವರಿಯಲ್ಲಿ ಅದೇ ರಣರಂಗದಲ್ಲಿ ಸತ್ತ. ಇಬ್ಬರೂ ಸೇರಿ 1937ರಲ್ಲಿ ಫ್ರೆಂಚ್ ಮತ್ತು ಅಮೆರಿಕನ್ ಡಬಲ್ಸ್ ಗೆದ್ದಿದ್ದರು.

ಯುದ್ಧ ಮುಗಿದಾಗ ಕ್ರಾಮ್‌ಗೆ 35 ವರ್ಷ. ಆದರೂ ಮತ್ತೆ ರಾಕೆಟ್ ಹಿಡಿದ. 1948 ಮತ್ತು 1949ರಲ್ಲಿ ಜರ್ಮನ್ ಚಾಂಪಿಯನ್ ಆದ. 1951ರಲ್ಲಿ, 42ರ ಹೊಸ್ತಿಲಲ್ಲಿ, ವಿಂಬಲ್ಡನ್‌ಗೆ ಮರಳಿ ಮೊದಲ ಸುತ್ತಿನಲ್ಲೇ ಯಾರೊಸ್ಲಾವ್ ಡ್ರೊಬ್ನಿಗೆ ಸೋತ. 1953ರವರೆಗೂ ಡೇವಿಸ್ ಕಪ್ ಆಡಿದ. ಆಮೇಲೆ ಹತ್ತಿ ವ್ಯಾಪಾರ ಮಾಡಿಕೊಂಡಿದ್ದ. ಅದೇ ಕೆಲಸದ ಓಡಾಟದಲ್ಲಿ, 1976ರ ನವೆಂಬರ್‌ನಲ್ಲಿ, ಈಜಿಪ್ಟಿನ ಕೈರೋ ಹತ್ತಿರ ಕಾರು ಅಪಘಾತದಲ್ಲಿ ತೀರಿಕೊಂಡ. ಮರುವರ್ಷ ಅಂತರರಾಷ್ಟ್ರೀಯ ಟೆನಿಸ್ ಹಾಲ್ ಆಫ್ ಫೇಮ್‌ನಲ್ಲಿ ಹೆಸರು ಸೇರಿತು. 175ನೇ ಕಲಂ ಪೂರ್ತಿಯಾಗಿ ರದ್ದಾದದ್ದು 1994ರಲ್ಲಿ. ಆ ಕಲಂ ಅಡಿ ನಾಝಿ ಕಾಲದಲ್ಲಿ ಕೊಟ್ಟ ತೀರ್ಪುಗಳನ್ನು ಜರ್ಮನಿ ಅನೂರ್ಜಿತಗೊಳಿಸಿದ್ದು 2002ರಲ್ಲಿ, ಅಂದ್ರೆ ಆತ ಸತ್ತು 26 ವರ್ಷ ಆದ ಮೇಲೆ.

ಹಾಗಾದ್ರೆ ಉಳಿದದ್ದೇನು?

ಹವ್ಯಾಸಿ ಕಾಲವನ್ನು ನೆನಪಿಸಿಕೊಳ್ಳುವವರು ಸಾಮಾನ್ಯವಾಗಿ ಆಗ ದುಡ್ಡಿನ ಆಸೆ ಇರಲಿಲ್ಲ, ಆಟ ಶುದ್ಧವಾಗಿತ್ತು ಅಂತಾರೆ. 1935ರ ಆ ಮ್ಯಾಚ್ ಪಾಯಿಂಟ್ ನೋಡಿದರೆ ಹೌದಲ್ವಾ ಅನ್ನಿಸುತ್ತೆ. ಆದರೆ ಆ ವ್ಯವಸ್ಥೆಗೆ ಇನ್ನೊಂದು ಮುಖವೂ ಇತ್ತು. ಆಟಗಾರನಿಗೆ ಸ್ವಂತ ಸಂಪಾದನೆ ಇಲ್ಲ, ಸ್ವಂತ ರ‍್ಯಾಂಕಿಂಗ್ ಇಲ್ಲ, ಸ್ವಂತ ಪ್ರವೇಶಪತ್ರ ಇಲ್ಲ. ಪ್ರೆನ್‌ನನ್ನು ಹೊರಗಿಡಲು ಸಂಘದ ಒಂದು ನಿರ್ಧಾರ ಸಾಕಾಯಿತು, ನ್ಯೂಸ್‌ಲೈನ್‌ನನ್ನು ಹೊರಗಿಡಲು ಒಂದಿಷ್ಟು ಪಾಠದ ದುಡ್ಡು ಸಾಕಾಯಿತು. ಕ್ರಾಮ್‌ನನ್ನು ಹೊರಗಿಡಲು ಆತನ ಖಾಸಗಿ ಬದುಕನ್ನೇ ಕೋರ್ಟಿಗೆ ಎಳೆದರು. ಅಂಗಳದಲ್ಲಿ ಆತನನ್ನು ಸೋಲಿಸಲು ಪೆರ್ರಿ, ಬಜ್‌ರಂಥವರು ಬೇಕಾಗಿತ್ತು, ಹೊರಗೆ ಒಂದು ಬಂಧನದ ಆದೇಶವೇ ಸಾಕಾಯಿತು.

ಅದಕ್ಕೇ ಆ ಡಬಲ್ಸ್ ಪಂದ್ಯದ ಘಟನೆ ನಮಗೆ ಬರೀ ಒಳ್ಳೇತನದ ಕಥೆಯಾಗಿ ಕಾಣಲ್ಲ. ತನ್ನ ಟೂರ್ನಿ, ತನ್ನ ಪ್ರಯಾಣ, ತನ್ನ ತಂಡ ಯಾವುದನ್ನೂ ತಾನೇ ನಿರ್ಧರಿಸಲಾಗದ ಆಟಗಾರನಿಗೆ, ಚೆಂಡು ತಾಗಿತೋ ಇಲ್ಲವೋ ಅಂತ ಹೇಳೋದು ಮಾತ್ರ ತನ್ನ ಕೈಯಲ್ಲಿತ್ತು. ಅದನ್ನು ಆತ ಯಾರಿಗೂ ಬಿಟ್ಟುಕೊಡಲಿಲ್ಲ. ಮುಂದಿನ ಸಲ ವಿಂಬಲ್ಡನ್ ಚಾಂಪಿಯನ್ನರ ಪಟ್ಟಿ ನೋಡುವಾಗ 1935, 36, 37ರ ಸಾಲುಗಳಲ್ಲಿ ಗೆದ್ದವರ ಪಕ್ಕದ ಹೆಸರನ್ನೂ ಒಮ್ಮೆ ಓದಿ. ಮೂರೂ ಸಲ ಅಲ್ಲಿರೋದು ಒಂದೇ ಹೆಸರು.